ಬಾಯಿಲ್ಲದ ಮುಖವಾಡ

ಕಂಚಪ್ಪನಿಗೆ ಜಗತ್ತಿನಲ್ಲಿ ಯಾರನ್ನು ಕಂಡರೂ ಅಷ್ಟಕ್ಕಷ್ಟೆ. ಕನ್ನಡಿಯಲ್ಲಿ ತನ್ನನ್ನು ಕಂಡಾಗ ಮಾತ್ರ ಸ್ವಲ್ಪ ಗೌರವ ಹುಟ್ಟುತ್ತಿತ್ತು. ಕಂಚಪ್ಪ ಅನ್ನುವುದು ಅವನ ಹುಟ್ಟುಹೆಸರಲ್ಲ. ವಯಸ್ಸಿದ್ದಾಗ ಯಾರೋ ಒಬ್ಬರು ವೇದಿಕೆಯ ಮೇಲೆ ‘ಇವರದು ಕಂಚಿನ ಕಂಠ’ ಎಂದು ಹೊಗಳಿದ್ದರು. ಹೇಳಿದವರು ಅವತ್ತೇ ಮರೆತರು. ಇವನು ಮರೆಯಲಿಲ್ಲ, ಬೇರೆಯವರಿಗೂ ಮರೆಯಲು ಬಿಡಲಿಲ್ಲ. ಕೇಳಿ ಕೇಳಿ ಬೇಸತ್ತ ಡಬ್ಬಿಂಗ್ ಸ್ಟುಡಿಯೋದವರು ಕೊನೆಗೆ ಹೆಸರನ್ನೇ ಕಂಚಪ್ಪ ಎಂದು ಮಾಡಿಬಿಟ್ಟರು. ಅದರಲ್ಲಿದ್ದ ಗೇಲಿ ಅವನ ಕಿವಿಗೆ ಬೀಳಲಿಲ್ಲ. ಹೊಗಳಿಕೆಯಲ್ಲದ್ದು ಅವನ ಕಿವಿಗೆ ಬೀಳುವುದೇ ಅಪರೂಪ.

ಸ್ಟುಡಿಯೋ ಇದ್ದದ್ದು ಹಾಸಿಗೆ ದಿಂಬಿನ ಅಂಗಡಿಯ ಮೇಲಿನ ಮಹಡಿಯಲ್ಲಿ. ಪರದೇಶದ ಸಿನಿಮಾ, ಸರಣಿಗಳಿಗೆ ನಮ್ಮ ಭಾಷೆಯ ಮಾತು ಕೂಡಿಸುವುದು ಅಲ್ಲಿನ ಕೆಲಸ. ಗೋಡೆಗೆಲ್ಲ ಸ್ಪಂಜು ಹೊಡೆದ ಒಂದು ಕತ್ತಲೆ ಕೋಣೆ, ಅದರೊಳಗೆ ಒಂದು ಮೈಕು, ಮೈಕಿನ ಎದುರು ಒಂದು ಪರದೆ. ಗಾಜಿನ ಆಚೆ ಡಬ್ಬಿಂಗ್ ನಿರ್ದೇಶಕಿ ಮತ್ತು ಸೌಂಡಿನವನು. ಕೋಣೆಯಲ್ಲಿ ಹಳೆ ಕಾರ್ಪೆಟ್ಟಿನ ವಾಸನೆ, ಹಿಂದೆ ನಿಂತು ಹೋದವರ ಬೆವರಿನ ವಾಸನೆ.

ಕಂಠ ಚೆನ್ನಾಗಿದ್ದರೆ ಈ ಕೆಲಸ ಬಂದುಬಿಡುತ್ತದೆ ಎಂದು ಹೊರಗಿನವರು ತಿಳಿದಿರುತ್ತಾರೆ. ನಿಜವಾಗಿ ಇಲ್ಲಿ ಕಂಠಕ್ಕಿಂತ ಕಣ್ಣು ಮುಖ್ಯ. ಪರದೆಯ ಮೇಲಿನವನ ತುಟಿ ತೆರೆದಾಗ ನಿಮ್ಮ ಮಾತು ಶುರುವಾಗಬೇಕು, ಅದು ಮುಚ್ಚಿದಾಗ ಮುಗಿಯಬೇಕು. ತುಟಿ ಹಿಡಿಯುವುದು ಎನ್ನುತ್ತಾರೆ ಅದಕ್ಕೆ. ಕಂಚಪ್ಪನಿಗೆ ಒಂದು ಕಾಲದಲ್ಲಿ ಅದು ನೀರು ಕುಡಿದಷ್ಟು ಸಲೀಸಾಗಿತ್ತು. ಈಚೆಗೆ ತುಟಿ ಅವನ ಕೈಗೆ ಸಿಗುತ್ತಿರಲಿಲ್ಲ. ಪರದೆಯವನು ಮಾತು ಮುಗಿಸಿ ಬಾಗಿಲು ಹಾಕಿಕೊಂಡು ಹೋದರೂ ಇವನ ವಾಕ್ಯ ಇನ್ನೂ ಕ್ರಿಯಾಪದ ಹುಡುಕುತ್ತಿರುತ್ತಿತ್ತು. ಕುಣಿಯಲಾರದವಳು ನೆಲ ಡೊಂಕು ಎಂದಳಂತೆ. ಇವನು ಅನುವಾದ ಸರಿಯಿಲ್ಲ ಎಂದ, ಹೆಡ್‌ಫೋನ್ ಸರಿಯಿಲ್ಲ ಎಂದ, ಕಡೆಗೆ ಪರದೇಶದವರ ತುಟಿಯೇ ಡೊಂಕು ಎಂದ. ಪಾತ್ರಗಳು ಒಂದೊಂದಾಗಿ ಕೈಬಿಟ್ಟವು. ಉಳಿದದ್ದು ರೈಲು ನಿಲ್ದಾಣದ ಪ್ರಕಟಣೆ. ‘ಪ್ರಯಾಣಿಕರ ಗಮನಕ್ಕೆ’ ಎನ್ನುವುದಕ್ಕೆ ತುಟಿ ಹಿಡಿಯುವ ಕಾಟವಿಲ್ಲ.

ಅಂಥ ಹೊತ್ತಿನಲ್ಲಿ ಕೊರಿಯಾದ ಆ ಸರಣಿ ಬಂತು.

ಹಿಮದಲ್ಲಿ ಸಿಕ್ಕಿಕೊಂಡ ದೊಡ್ಡದೊಂದು ಮಾಲು. ಒಳಗೆ ಮೂವತ್ತು ನಲವತ್ತು ಜನ. ಒಂದೊಂದು ಮಹಡಿ ಹತ್ತಬೇಕಾದರೂ ತಮ್ಮಲ್ಲೊಬ್ಬರನ್ನು ಕೆಳಗೆ ಬಿಟ್ಟು ಹತ್ತಬೇಕು. ಬಿಟ್ಟವರ ಗತಿ ಏನಾಗುತ್ತದೆ ಎಂದು ಯಾರೂ ಕೇಳುವಂತಿಲ್ಲ. ಇವರನ್ನೆಲ್ಲ ಆಡಿಸುವವನೊಬ್ಬ, ಎಲ್ಲೋ ಕ್ಯಾಮೆರಾಗಳ ಹಿಂದೆ ಕೂತು ಲೌಡ್‌ಸ್ಪೀಕರಿನಲ್ಲಿ ಮಾತಾಡುತ್ತಾನೆ. ಅವನನ್ನು ‘ಮಾಲೀಕ’ ಎನ್ನುತ್ತಾರೆ. ಮುಖಕ್ಕೆ ಮೊಟ್ಟೆಯ ಹಾಗೆ ಬೆಳ್ಳಗೆ ನುಣ್ಣಗಿನ ಮುಖವಾಡ. ಕಣ್ಣಿಗೆ ಎರಡು ತೂತು, ಅಷ್ಟೆ. ಬಾಯಿ ಇಲ್ಲ.

ಬಾಯಿಲ್ಲ ಎಂದರೆ ತುಟಿಯಿಲ್ಲ. ನಿರ್ದೇಶಕಿ ಆ ಪಾತ್ರ ಕೊಟ್ಟಾಗ ಕಂಚಪ್ಪ ಹೊರಗೆ ‘ಹೂಂ, ನೋಡೋಣ’ ಎಂದ. ಒಳಗೆ ಅವನಿಗೆ ಹೋದ ಜೀವ ಬಂದಂತಾಗಿತ್ತು. ಎಷ್ಟು ಬೇಗ ಶುರು ಮಾಡಿದರೂ ಸರಿ, ಎಷ್ಟು ಎಳೆದರೂ ಸರಿ, ಕೇಳುವವರಿಲ್ಲ.

ಮೂಲದಲ್ಲಿ ಮಾಲೀಕನ ದನಿ ಒಂದು ಯಂತ್ರದೊಳಗಿಂದ ಬರುತ್ತಿತ್ತು, ತಗಡು ಕೆರೆದ ಹಾಗೆ, ಯಾರದೆಂದು ಗುರುತು ಸಿಗದ ಹಾಗೆ. ಸೌಂಡಿನವನು ಇಲ್ಲಿಯೂ ಹಾಗೇ ಮಾಡೋಣವೆಂದ. ಕಂಚಪ್ಪ ಹೆಡ್‌ಫೋನ್ ತೆಗೆದು ಸ್ಟ್ಯಾಂಡಿಗೆ ನೇತುಹಾಕಿದ.

“ಯಂತ್ರ ಬೇಕಾಗೋದು ಗಂಟಲಿಲ್ಲದವ್ರಿಗೆ. ನನ್ನ ದನಿ ಮೇಲೆ ತಗಡು ಹಾಕೋದಾದ್ರೆ ತಗಡಿನವ್ರನ್ನೇ ಕರೆಸ್ಕೊಳ್ಳಿ.”

“ಸರ್, ಯಾರು ಅಂತ ಗೊತ್ತಾಗಬಾರ್ದು ಅಂತಾನೇ ಅವ್ರು ಹಾಗೆ ಮಾಡಿರ್ತಾರೆ,” ಎಂದ ಸೌಂಡಿನವನು.

“ನೋಡೋ ಜನಕ್ಕೆ ಅಷ್ಟೆಲ್ಲಾ ಬುದ್ಧಿ ಎಲ್ಲಿದೆ? ತಿಳೀತಾ?”

ನಿರ್ದೇಶಕಿಗೆ ಅವತ್ತು ಇನ್ನೆರಡು ಸಿನಿಮಾದ ಕೆಲಸ ತಲೆಯ ಮೇಲಿತ್ತು. “ಹೋಗ್ಲಿ ಬಿಡಿ, ಅವ್ರಿಷ್ಟದ ಹಾಗೇ ಆಗ್ಲಿ,” ಎಂದುಬಿಟ್ಟಳು. ಯಂತ್ರ ಹಾಕಲಿಲ್ಲ.

ಈ ‘ತಿಳೀತಾ?’ ಅನ್ನುವುದು ಕಂಚಪ್ಪನ ಬಾಯಿಚಟ. ಯಾರಿಗೆ ಏನು ಹೇಳಿದರೂ ಕೊನೆಗೆ ಅದೊಂದನ್ನು ಬಾಲದಂತೆ ಅಂಟಿಸುತ್ತಿದ್ದ. ಅದಕ್ಕೆ ಮುಂಚೆ ಗಂಟಲಲ್ಲಿ ‘ಹ್ಞಂ’ ಎಂದು ಒಂದು ಸಣ್ಣ ಗುಟುರು. ತುಟಿಯ ಕಾಟವಿಲ್ಲದ್ದರಿಂದ ಮಾಲೀಕನ ಮಾತಿನ ಕೊನೆಗೂ ಅದನ್ನು ಸೇರಿಸಿದ. “ಮುಂದಿನ ಮಹಡಿಗೆ ನಿಮ್ಮಲ್ಲಿ ಒಬ್ಬರು ಹೆಚ್ಚು. ಹ್ಞಂ. ತಿಳೀತಾ?” ಬರೆದುಕೊಟ್ಟ ಮಾತಿನಲ್ಲಿ ಅದು ಇರಲಿಲ್ಲ. ಸರಣಿ ವಾರಕ್ಕೊಂದು ಕಂತಿನ ಹಾಗೆ ಬರಲು ಶುರುವಾದ ಮೇಲೆ ಜನಕ್ಕೆ ಅಂಟಿಕೊಂಡದ್ದು ಮಾತ್ರ ಅದೇ. ಹಣ್ಣಿನ ಗಾಡಿಯವನು ಚೌಕಾಸಿ ಮಾಡುವವರಿಗೆ ಹೇಳುತ್ತಿದ್ದ, ಬಸ್ಸಿನಲ್ಲಿ ಕಾಲೇಜಿನವರು ಒಬ್ಬರಿಗೊಬ್ಬರು ಹೇಳಿಕೊಂಡು ನಗುತ್ತಿದ್ದರು. ಕಂಚಪ್ಪನ ಕಾಲು ನೆಲದ ಮೇಲಿರಲಿಲ್ಲ.

ಆ ಮುಖವಾಡದ ಹಿಂದೆ ಯಾರಿದ್ದಾರೆ ಅನ್ನುವುದೇ ಆಗ ಎಲ್ಲ ಕಡೆ ಮಾತು. ಕ್ಷೌರದಂಗಡಿಯಲ್ಲಂತೂ ಕತ್ತರಿಗಿಂತ ಬಾಯಿ ಹೆಚ್ಚು ಓಡುತ್ತಿತ್ತು. ಕಂಚಪ್ಪ ಕುರ್ಚಿಯಲ್ಲಿ ಕೂತರೆ ಸಾಕು, ಕ್ಷೌರಿಕ ಬಗ್ಗಿ ಕೇಳುತ್ತಿದ್ದ. “ನಿಮ್ಮದೇ ದನಿ ಅಂತೀರಾ, ನಿಮಗೆ ಗೊತ್ತಿರಲೇಬೇಕು ಸಾರ್. ಯಾರು ಅವನು?”

ಕಂಚಪ್ಪನಿಗೆ ಗೊತ್ತಿರಲಿಲ್ಲ. ಗುಟ್ಟು ರಟ್ಟಾಗಬಾರದೆಂದು ಕೊರಿಯಾದ ಕಂಪನಿಯವರು ಸ್ಟುಡಿಯೋಕ್ಕೆ ಕಳಿಸುತ್ತಿದ್ದದ್ದು ಬರೀ ಕಪ್ಪು ಚಿತ್ರ. ಯಾರಾದರೂ ಮಾತಾಡುವಾಗ ಅವರ ಬಾಯಿ ಇರುವಷ್ಟು ಜಾಗದಲ್ಲಿ ಒಂದು ದುಂಡನೆ ಬಿಲ ತೆರೆಯುತ್ತಿತ್ತು. ಮುಖವಾಡದ ಮಾಲೀಕನಿಗೆ ಅದೂ ಇಲ್ಲ. ಆದರೆ ಗೊತ್ತಿಲ್ಲ ಎನ್ನುವ ಮಾತು ಕಂಚಪ್ಪನ ವಂಶದಲ್ಲೇ ಇಲ್ಲ.

“ಹೇಳೋ ಹಾಗಿಲ್ಲ,” ಎಂದ ಮೊದಲು. ಆಮೇಲೆ ಇಡೀ ಅಂಗಡಿ ಬಾಯಿ ಬಿಟ್ಟುಕೊಂಡು ನೋಡುತ್ತಿರುವುದು ಕಂಡು ಹೊಟ್ಟೆಯಲ್ಲಿ ಮಾತು ನಿಲ್ಲಲಿಲ್ಲ. “ಮಾಲಿನೊಳಗೆ ಸಿಕ್ಕಿಕೊಂಡವ್ರಲ್ಲಿ ಪೊಲೀಸ್ ಅಧಿಕಾರಿ ಇದಾನಲ್ಲ, ಆ ದಪ್ಪನೆಯವ್ನು. ಅವ್ನೇ. ಯಾರ ಹತ್ರಾನೂ ಬಾಯಿ ಬಿಡ್ಬೇಡಿ.”

ಸಂಜೆಯೊಳಗೆ ಬೀದಿಗೆಲ್ಲ ಗೊತ್ತಾಯಿತು. ಈ ಸೋಮಾರಿಗಳಿಗೆ ಬೇರೆ ಕೆಲಸವಿಲ್ಲ ಎಂದು ಕಂಚಪ್ಪ ತಿರಸ್ಕಾರದಿಂದ ನಕ್ಕ. ಆ ಸೋಮಾರಿಗಳು ನೋಡದಿದ್ದರೆ ತಾನು ಮತ್ತೆ ರೈಲು ನಿಲ್ದಾಣಕ್ಕೆ ಎನ್ನುವುದು ಅವನಿಗೆ ಹೊಳೆಯಲಿಲ್ಲ.

ಮನೆಯಲ್ಲಿ ಇನ್ನೊಬ್ಬನಿದ್ದ, ಹೆಂಡತಿಯ ತಮ್ಮ. ಕೆಲಸ ಮಾಡುತ್ತಿದ್ದ ಚಪ್ಪಲಿ ಅಂಗಡಿ ಮುಚ್ಚಿದ ಮೇಲೆ ಒಂದು ಚೀಲ ಹಿಡಿದುಕೊಂಡು ಬಂದು ಹೊರಕೋಣೆಯಲ್ಲಿ ಬಿಡಾರ ಹೂಡಿದ್ದ. ಹೊಟ್ಟೆ ದೊಡ್ಡದು, ನಾಚಿಕೆ ಸಣ್ಣದು, ದನಿ ಥೇಟ್ ಮೇಕೆಯದು. ಕಂಚಪ್ಪ ಅವನನ್ನು ಮೇಕೆ ಎಂದೇ ಕರೆಯುತ್ತಿದ್ದ. ಕೂತು ತಿನ್ನುವವನಿಗೆ ಏನಾದರೂ ಒಂದು ಇರಲಿ ಎಂದು ಇವನೇ ಸ್ಟುಡಿಯೋದಲ್ಲಿ ಗುಂಪಿನ ಗದ್ದಲಕ್ಕೆ ಸೇರಿಸಿದ್ದ. ಬೆಂಕಿ ಬಿದ್ದರೆ ಅರಚುವುದು, ಪಂದ್ಯ ಗೆದ್ದರೆ ಕಿರುಚುವುದು, ಇಂಥವು. ಈ ಸರಣಿಯಲ್ಲಿ ಮಾಲಿನ ಲಿಫ್ಟ್ ನಡೆಸುವ ಮುದುಕನೊಬ್ಬ ಬರುತ್ತಾನೆ. ಎಲ್ಲರಿಗೂ ತನ್ನ ಬ್ರೆಡ್ಡು ಹಂಚುವ, ಕೆಮ್ಮುವ, ಯಾರ ಕಣ್ಣಿಗೂ ಬೀಳದ ಮನುಷ್ಯ. ತೆಳ್ಳಗಿನ ದನಿ ಬೇಕಿತ್ತು. ನಿರ್ದೇಶಕಿ ಗದ್ದಲದ ಗುಂಪಿನಿಂದ ಮೇಕೆಯನ್ನು ಎಳೆದು ಮೈಕಿನ ಮುಂದೆ ನಿಲ್ಲಿಸಿದ್ದಳು.

ನಾಲ್ಕನೆಯ ಕಂತಿನಲ್ಲಿ ಲಿಫ್ಟಿನ ಮುದುಕ ಸತ್ತ. ಅವತ್ತು ಊಟಕ್ಕೆ ಕೂತಾಗ ಕಂಚಪ್ಪನಿಗೆ ಖುಷಿಯೋ ಖುಷಿ.

“ನಾಲ್ಕನೇ ಕಂತಿಗೇ ಸತ್ತೆಯಲ್ಲಯ್ಯಾ. ಸುಳ್ಳು ಪ್ರಪಂಚದಲ್ಲೂ ನಿನಗೆ ಬದುಕೋಕೆ ಬರ್ಲಿಲ್ಲ. ನಿನ್ನಂಥೋರು ಇದ್ರೂ ಒಂದೇ, ಹೋದ್ರೂ ಒಂದೇ. ಹ್ಞಂ. ತಿಳೀತಾ?”

ಮೇಕೆ ನಕ್ಕು, ಎರಡನೆಯ ಸಲ ಅನ್ನ ಹಾಕಿಸಿಕೊಂಡ. “ಹೆಣ ತೋರ್ಸಿಲ್ಲ ಭಾವ. ಬರೀ ಟೋಪಿ ತೋರ್ಸಿದ್ರು.”

“ಟೋಪಿ ಸಿಕ್ಕಿದ್ದೇ ಹೆಚ್ಚು. ನೀನು ಸತ್ರೆ ಚಮಚ ತೋರಿಸ್ಬೇಕಾಗುತ್ತೆ.”

ಹೆಂಡತಿ ಸಾರಿನ ಪಾತ್ರೆ ಎತ್ತಿಕೊಂಡು ಒಳಗೆ ಹೋದಳು. ಅವಳು ಸರಣಿಯ ಮೊದಲ ಕಂತನ್ನು ಅರ್ಧ ನೋಡಿ, ಮಾಲೀಕ ಮಾತಾಡಲು ಶುರುಮಾಡುತ್ತಲೇ ಎದ್ದು ಅಡುಗೆಮನೆಗೆ ಹೋದವಳು. ಮತ್ತೆ ಒಂದು ಕಂತನ್ನೂ ನೋಡಿರಲಿಲ್ಲ. ಹೆಂಗಸರಿಗೆ ಕಲೆ ಹತ್ತುವುದಿಲ್ಲ ಎಂದು ಕಂಚಪ್ಪ ಅದಕ್ಕೊಂದು ಕಾರಣವನ್ನೂ ಕೊಟ್ಟುಕೊಂಡಿದ್ದ.

ಮೇಕೆಗೆ ಒಂದು ಹುಚ್ಚಿತ್ತು. ಕಪ್ಪು ಚಿತ್ರದ ಬಿಲದಲ್ಲಿ ಕಂಡ ಬಾಯಿಗಳನ್ನೆಲ್ಲ ಮನೆಗೆ ಬಂದು ಮಾಡಿ ತೋರಿಸುತ್ತಿದ್ದ. ನಾಯಕ ಮಾತಿಗೆ ಮುಂಚೆ ಕೆಳತುಟಿ ಕಚ್ಚುವುದು, ನಾಯಕಿ ಸುಳ್ಳು ಹೇಳುವಾಗ ತುಟಿ ಒದ್ದೆ ಮಾಡಿಕೊಳ್ಳುವುದು. ಅಕ್ಕ ಸೆರಗು ಬಾಯಿಗಿಟ್ಟುಕೊಂಡು ನಗುತ್ತಿದ್ದಳು. ಕಂಚಪ್ಪ ಅದನ್ನು ಕೋತಿಯಾಟ ಎನ್ನುತ್ತಿದ್ದ. ತನ್ನದಲ್ಲದ ಬಾಯನ್ನು ಅವನು ಜನ್ಮದಲ್ಲಿ ಸರಿಯಾಗಿ ನೋಡಿದವನಲ್ಲ.

ಕೊನೆಯ ಕಂತು ಸ್ಟುಡಿಯೋಕ್ಕೆ ಬಂದಾಗ ಹಿಂದಿನವೆಲ್ಲ ಆಗಲೇ ಜನರ ಮನೆ ಸೇರಿ ಆಗಿತ್ತು. ನಿರ್ದೇಶಕಿ ಕಂಚಪ್ಪನನ್ನು ಪಕ್ಕಕ್ಕೆ ಕರೆದಳು. “ಸರ್, ಮುಖವಾಡ ಇದರಲ್ಲಿ ಬಿಚ್ತಾರೆ. ಮುಂದಿನ ವರ್ಷ ಎರಡನೇ ಭಾಗ ಇದೆ, ಅದರ ತುಂಬಾ ಮಾಲೀಕನೇ. ಈ ಒಂದು ದೃಶ್ಯ ಚೆನ್ನಾಗಿ ಬಂದ್ರೆ ಅದು ನಿಮ್ಮದೇ. ಆದ್ರೆ ಬಾಯಿ ಕಾಣುತ್ತೆ. ತುಟಿ ಹಿಡೀಬೇಕಾಗುತ್ತೆ.”

“ನನಗೆ ತುಟಿ ಹಿಡಿಯೋದು ಹೇಳಿಕೊಡ್ತೀರಾ?” ಎಂದ ಕಂಚಪ್ಪ. ಊರಿಗೆ ಬಂದವಳು ನೀರಿಗೆ ಬರದೇ ಇರುತ್ತಾಳೆಯೇ, ಮುಖವಾಡ ಹಾಕಿದವನು ಒಂದು ದಿನ ಬಿಚ್ಚದೇ ಇರುತ್ತಾನೆಯೇ. ಇದನ್ನು ಅವನು ಮೊದಲ ದಿನವೇ ಯೋಚಿಸಬೇಕಿತ್ತು. ಯೋಚಿಸಿರಲಿಲ್ಲ. ಈ ದೃಶ್ಯ ಕೆಟ್ಟರೆ ತನಗೆ ಉಳಿಯುವುದು ‘ಪ್ರಯಾಣಿಕರ ಗಮನಕ್ಕೆ’ ಎನ್ನುವುದೊಂದೇ ಎಂದು ಅವನಿಗೆ ಚೆನ್ನಾಗಿ ಗೊತ್ತಿತ್ತು.

ಒಳಗೆ ಹೋದರೆ ಮೂಲೆಯ ಬೆಂಚಿನ ಮೇಲೆ ಮೇಕೆ ಬಿಸ್ಕತ್ತು ತಿನ್ನುತ್ತ ಕೂತಿದ್ದ. ಕೊನೆಯ ಗದ್ದಲಕ್ಕೆ ಕರೆಸಿದ್ದರು.

“ಸತ್ತವ್ನಿಗೆ ಇಲ್ಲೇನು ಕೆಲಸ?” ಎಂದು ಕೇಳಿ ಕಂಚಪ್ಪ ಮೈಕಿನ ಮುಂದೆ ನಿಂತ.

ಮುಖವಾಡದ ಒಳಗಿನ ಮಾತುಗಳು ಸಲೀಸಾಗಿ ಮುಗಿದವು. ಆಮೇಲೆ ಕಪ್ಪು ಪರದೆಯ ನಡುವೆ ಬಿಲ ತೆರೆಯಿತು, ಅದರಲ್ಲೊಂದು ಬಾಯಿ ಕಂಡಿತು. ಆ ಬಾಯಿ ಮಾತಾಡಿತು, ಹೆಡ್‌ಫೋನಿನಲ್ಲಿ ಮೂಲದ ದನಿ ಇನ್ನೂ ತಗಡಿನದೇ. ಕಂಚಪ್ಪ ಅದರ ಹಿಂದೆ ಓಡಿದ. ಅದು ಮುಚ್ಚಿತು, ಇವನು ಇನ್ನೂ ಓಡುತ್ತಿದ್ದ.

ಇನ್ನೊಮ್ಮೆ ಎಂದರು. ಈ ಸಲ ಅವಸರ ಮಾಡಿದ. ಬಾಯಿ ತೆರೆಯುವ ಮುಂಚೆಯೇ ಅರ್ಧ ಮಾತು ಆಗಿಹೋಗಿತ್ತು. ಮತ್ತೊಮ್ಮೆ, ಮಗದೊಮ್ಮೆ. ಗಾಜಿನ ಆಚೆ ಸೌಂಡಿನವನು ತಲೆ ಕೆರೆದುಕೊಳ್ಳುವುದು ಕಾಣುತ್ತಿತ್ತು. ಕಂಚಪ್ಪ ಹೆಡ್‌ಫೋನ್ ಬದಲಾಯಿಸಿದ, ನೀರು ಕುಡಿದ, ವಾಕ್ಯ ಉದ್ದವಾಯಿತು ಎಂದು ಕತ್ತರಿಸಿದ, ಗಿಡ್ಡವಾಯಿತು ಎಂದು ಸೇರಿಸಿದ.

“ಈ ಮನುಷ್ಯನಿಗೆ ಮಾತಾಡೋಕೇ ಬರಲ್ಲ. ಬಾಯಿ ಎಲ್ಲೋ, ಮಾತು ಎಲ್ಲೋ. ಇಂಥವ್ನನ್ನ ಯಾರು ನಟ ಮಾಡಿದ್ರು?”

ಬಾಯಿ ಬಿಟ್ಟರೆ ಬಣ್ಣಗೇಡು ಅನ್ನುವುದಕ್ಕೆ ಅದಕ್ಕಿಂತ ಒಳ್ಳೆಯ ಸಾಕ್ಷಿ ಬೇಕಿರಲಿಲ್ಲ.

ಆಗ ಬೆಂಚಿನಿಂದ ಮೇಕೆ ಎದ್ದು ಬಂದ. ಬಾಯಿಯ ಸುತ್ತ ಬಿಸ್ಕತ್ತಿನ ಪುಡಿ. ಪರದೆಯ ಹತ್ತಿರ ಬಗ್ಗಿ ನೋಡಿದ.

“ಮೇಡಂ, ಒಂದ್ನಿಮಿಷ ಅಲ್ಲೇ ನಿಲ್ಸಿ. ಇದು ನನ್ನ ಬಾಯಿ.”

ಕಂಚಪ್ಪ ನಕ್ಕ. “ತಿಂದಿದ್ದು ತಲೆಗೇರಿದೆ ಇವನಿಗೆ.”

“ಅಲ್ಲ ಭಾವ, ನೋಡಿ. ಕೆಳಗಿನ ಹಲ್ಲೊಂದು ಪಕ್ಕದ್ದಕ್ಕೆ ಒರಗಿದೆ. ಬಾಯಿ ತೆಗೆಯೋಕೆ ಮುಂಚೆ ತುಟಿ ಎಡಕ್ಕೆ ಹೋಗುತ್ತೆ, ಬಿಸಿ ಕಾಫಿ ಗುಟುಕರಿಸೋಕೆ ಹೆದ್ರಿಕೊಂಡ ಹಾಗೆ. ನಾಲ್ಕು ಕಂತು ಇದನ್ನೇ ನೋಡ್ಕೊಂಡು ನಿಂತಿದ್ದೀನಿ ಮೇಡಂ. ಇವ್ನು ನಮ್ಮ ಲಿಫ್ಟಿನ ಮುದುಕ.”

ನಿರ್ದೇಶಕಿ ಎರಡನೆಯ ಕಂತು ತೆಗೆಸಿದಳು. ಬ್ರೆಡ್ಡು ಹಂಚುವ ದೃಶ್ಯ. ಬಿಲದಲ್ಲಿ ಅದೇ ಒರಗಿದ ಹಲ್ಲು, ಎಡಕ್ಕೆ ಜಾರುವ ಅದೇ ತುಟಿ. ಎರಡನ್ನೂ ಅಕ್ಕಪಕ್ಕ ಇಟ್ಟು ಓಡಿಸಿದರು. ಕುರುಡನೂ ಒಪ್ಪಬೇಕಿತ್ತು.

ಪೊಲೀಸ್ ಅಧಿಕಾರಿಯಲ್ಲ. ಎಲ್ಲರಿಗೂ ಬ್ರೆಡ್ಡು ಹಂಚಿ, ಕೆಮ್ಮಿ, ಟೋಪಿಯೊಂದನ್ನು ಬಿಟ್ಟು ಮಾಯವಾದ ಮುದುಕನೇ ಮಾಲೀಕ.

“ಮುಗೀತು,” ಎಂದು ನಿರ್ದೇಶಕಿ ಕುರ್ಚಿಗೆ ಒರಗಿದಳು. “ಒಬ್ಬ ಮನುಷ್ಯ, ಎರಡು ದನಿ. ಮುಖವಾಡ ಇದ್ದಾಗ ಗುಡುಗು, ತೆಗೆದ್ರೆ...” ಮೇಕೆಯ ಕಡೆ ನೋಡಿ ಆ ಪದವನ್ನು ನುಂಗಿಕೊಂಡಳು. “ಜನ ಬಿದ್ದು ಬಿದ್ದು ನಗ್ತಾರೆ.”

“ಅವತ್ತು ಯಂತ್ರ ಹಾಕಿದ್ರೆ ಈ ತಲೆನೋವೇ ಇರ್ತಿರ್ಲಿಲ್ಲ,” ಎಂದ ಸೌಂಡಿನವನು, ಯಾರ ಮುಖವನ್ನೂ ನೋಡದೆ. “ತಗಡಿನೊಳಗೆ ಯಾರಿದ್ರೂ ಗೊತ್ತಾಗಲ್ಲ.”

ಕಂಚಪ್ಪನ ಕಿವಿ ಬಿಸಿಯಾಯಿತು. ಆದರೂ ಬಗ್ಗುವ ಜಾತಿಯಲ್ಲ. “ಇದರಲ್ಲಿ ತಲೆನೋವೇನು ಬಂತು? ಕೊನೆ ದೃಶ್ಯಾನೂ ನನ್ನ ದನೀಲೇ ಇರ್ಲಿ. ತುಟಿ ಸ್ವಲ್ಪ ಹಿಂದೆಮುಂದೆ ಆದ್ರೆ ಯಾರು ನೋಡ್ತಾರೆ? ಮುದುಕ ಅವತ್ತು ಹೇಗೆ ಮಾತಾಡಿದ್ದ ಅಂತ ಯಾರಿಗೆ ನೆನಪಿರುತ್ತೆ? ಜನ ಅಂದ್ರೆ ದನ ಇದ್ದ ಹಾಗೆ.”

“ಆ ದನಗಳೇ ಸರ್ ನಮಗೆ ಅನ್ನ ಹಾಕ್ತಿರೋದು,” ಎಂದಳು ನಿರ್ದೇಶಕಿ.

ಮೇಕೆ ಬಿಸ್ಕತ್ತಿನ ಪುಡಿ ಒರೆಸಿಕೊಂಡ. “ನಾನೊಂದ್ಸಲ ನೋಡ್ಲಾ ಮೇಡಂ?”

ಅವನು ಮೈಕಿನ ಮುಂದೆ ನಿಂತದ್ದು ಬಸ್ಸಿಗೆ ಕಾಯುವವರ ಹಾಗೆ, ಒಂದು ಕಾಲಿನ ಮೇಲೆ ಭಾರ ಹಾಕಿಕೊಂಡು. ಬಿಲ ತೆರೆಯಿತು. ಪರದೆಯ ಬಾಯಿ ಇನ್ನೂ ಮುಚ್ಚಿರುವಾಗಲೇ ಮೇಕೆಯ ಗಂಟಲಿನಿಂದ ‘ಹ್ಞಂ’ ಎಂದು ಒಂದು ಗುಟುರು ಬಂತು. ಗಾಜಿನ ಆಚೆ ಸೌಂಡಿನವನು ಸರಕ್ಕನೆ ತಲೆಯೆತ್ತಿ ಕಂಚಪ್ಪನನ್ನು ನೋಡಿದ. ಕಂಚಪ್ಪ ಬಾಯಿ ಮುಚ್ಚಿಕೊಂಡು ನಿಂತಿದ್ದ.

“ನಾನು ಯಾರ ಕತ್ತನ್ನೂ ಹಿಸುಕಲಿಲ್ಲ. ನಿಮ್ಮ ಯೋಗ್ಯತೆ ಎಷ್ಟು ಅಂತ ನಿಮಗೇ ತೋರಿಸಿದೆ, ಅಷ್ಟೆ. ಹ್ಞಂ. ತಿಳೀತಾ?”

ಅದು ಕಂಚು. ಅಪ್ಪಟ ಕಂಚು. ಅದೇ ಭಾರ, ಪದದ ಕೊನೆಯನ್ನು ಎದುರಿನವನ ಮುಖದ ಮೇಲೆ ಎಸೆಯುವ ಅದೇ ರೀತಿ. ತುಟಿ ಎಲ್ಲಿಯೂ ತಪ್ಪಲಿಲ್ಲ. ಎರಡನೆಯ ವಾಕ್ಯಕ್ಕೆ ಬರುವಾಗ ಕಂಚು ಸ್ವಲ್ಪ ಸವೆದಿತ್ತು. ಅದರ ಮುಂದಿನದಕ್ಕೆ ಇನ್ನಷ್ಟು. ಮುಖದಿಂದ ಮುಖವಾಡ ಜಾರಿದಂತೆ ದನಿಯಿಂದ ದನಿ ಜಾರುತ್ತ ಬಂದು, ಕೊನೆಗೆ ಲಿಫ್ಟಿನ ಮುದುಕನ ತೆಳ್ಳಗಿನ, ನಡುಗುವ ಗಂಟಲೊಂದೇ ಉಳಿಯಿತು.

“ನಾನು ಕೊಟ್ಟದ್ದು ತಿಂದಿರಿ. ನಿನ್ನ ಊಟ ಆಯ್ತಾ ಅಂತ ಒಬ್ಬರಾದರೂ ಕೇಳಿದಿರಾ?”

ನಿರ್ದೇಶಕಿ ತುಂಬ ಹೊತ್ತು ರೆಕಾರ್ಡಿಂಗ್ ನಿಲ್ಲಿಸುವ ಗುಂಡಿ ಒತ್ತುವುದನ್ನೇ ಮರೆತಳು. ಸೌಂಡಿನವನು ತೋಳಿನ ಮೇಲಿನ ರೋಮ ಉಜ್ಜಿಕೊಂಡ. ಇನ್ನೊಮ್ಮೆ ಮಾಡಿಸುವ ಪ್ರಶ್ನೆಯೇ ಬರಲಿಲ್ಲ.

“ಎಲ್ಲಿ ಕಲಿತ್ಯೋ ಇದನ್ನ?” ಎಂದ ಕಂಚಪ್ಪ.

“ಕಲಿಯೋದೇನು ಬಂತು ಭಾವ. ದಿನಾ ಎರಡು ಹೊತ್ತು ಅನ್ನದ ಜೊತೆ ಬಡಿಸ್ತೀರಲ್ಲ,” ಎಂದು ಮೇಕೆ ಇನ್ನೊಂದು ಬಿಸ್ಕತ್ತು ತೆಗೆದುಕೊಂಡ. ಅವನ ಮುಖದಲ್ಲಿ ವಿನಯದ ಸುಳಿವೂ ಇರಲಿಲ್ಲ. ವರ್ಷಗಟ್ಟಲೆ ತಿಂದ ಮಾತನ್ನು ಒಂದೇ ಸಲಕ್ಕೆ ಹೊರಗೆ ಹಾಕಿದ ನೆಮ್ಮದಿ ಇತ್ತು.

ಕೊನೆಯ ಕಂತು ಬಂತು. ಮಾರನೆಯ ಬೆಳಿಗ್ಗೆ ಕಂಚಪ್ಪ ಕ್ಷೌರದಂಗಡಿಗೆ ಹೋದ. ಹೋಗದೇ ಇರಬಹುದಿತ್ತು. ಆದರೆ ಮೊದಲ ಕಂತಿನಿಂದ ಅಷ್ಟೂ ಗುಡುಗು ತನ್ನದು, ಕೊನೆಯ ನಾಲ್ಕು ವಾಕ್ಯ ಹೋದರೇನು, ಹೊಗಳುವವರು ಹೊಗಳಿಯೇ ಹೊಗಳುತ್ತಾರೆ ಎಂದುಕೊಂಡಿದ್ದ. ಕ್ಷೌರಿಕ ಕೆನ್ನೆ, ಗಲ್ಲ, ತುಟಿಗೆಲ್ಲ ನೊರೆ ಬಳಿದ. ಕನ್ನಡಿಯಲ್ಲಿ ಕಂಡದ್ದು ಬೆಳ್ಳಗಿನ ಒಂದು ಮುಖ, ಎರಡು ಕಣ್ಣು. ಬಾಯಿಲ್ಲ.

“ನೋಡಿದ್ರಾ ನಿನ್ನೆ?” ಎಂದ ಬೆಂಚಿನ ಮೇಲಿದ್ದವನೊಬ್ಬ. “ಆ ಮುದುಕನೇ ಅಂತೆ. ನನ್ನ ಎದೆ ಝಲ್ ಅಂತು ಮಾರಾಯ. ಅದೇನು ಗಂಟಲು ಅದು. ಮೊದಲಿಂದ್ಲೂ ಒಬ್ಬನೇ ಮಾಡಿದಾನೆ, ಒಂದು ಚೂರೂ ಗೊತ್ತಾಗ್ಲಿಲ್ಲ ನೋಡು.”

“ಹೆಸರೂ ಒಂದೇ ಹಾಕಿದಾರೆ ಕೊನೇಲಿ,” ಎಂದ ಇನ್ನೊಬ್ಬ. “ಒಬ್ಬನೇ ಅಂತ ಆಯ್ತಲ್ಲ.”

ಆ ಒಂದು ಹೆಸರು ಮೇಕೆಯದೆಂದು ಕಂಚಪ್ಪನಿಗೂ ಗೊತ್ತಿತ್ತು. ಹಿಂದಿನ ದಿನ ನಿರ್ದೇಶಕಿಯ ಹತ್ತಿರ ಕಿರುಚಾಡಿ ಬಂದಿದ್ದ. ಒಂದು ಪಾತ್ರಕ್ಕೆ ಒಂದೇ ಹೆಸರು ಸರ್, ಎರಡು ಹಾಕಿದ್ರೆ ಮೋಸ ಅನ್ಸುತ್ತೆ ಎಂದಿದ್ದಳು.

“ಆ ದೊಡ್ಡ ದನಿ ಸುಳ್ಳುದನಿ ಅಂತ ನನಗೆ ಮೊದಲೇ ಅನುಮಾನ ಇತ್ತು,” ಎಂದ ಮೊದಲನೆಯವನು. “ಒಳಗೆ ಏನೂ ಇಲ್ದೋನೇ ಹಾಗೆ ಊದಿಕೊಂಡು ಮಾತಾಡೋದು. ಅದನ್ನ ಎಷ್ಟು ಚೆನ್ನಾಗಿ ಮಾಡಿದಾನೆ ಅಂತೀನಿ. ಸೊಕ್ಕಿನ ಮನುಷ್ಯನ್ನ ಎಲ್ಲೋ ಹತ್ರದಿಂದ ನೋಡಿರ್ಬೇಕು.”

ಕ್ಷೌರಿಕ ಒಂದು ಕೆನ್ನೆ ಬೋಳಿಸಿ ಮುಗಿಸಿ, ಕತ್ತಿ ಹಿಡಿದು ಇನ್ನೊಂದರ ಕಡೆ ಬಗ್ಗಿದ. “ನಮ್ಮ ಸಾರು ಆ ದನಿ ತಮ್ಮದೇ ಅಂತಿದ್ರು. ಪೊಲೀಸಿನವ್ನೇ ಮಾಲೀಕ ಅಂತಾನೂ ಹೇಳಿದ್ರು. ಹೋಗ್ಲಿ ಬಿಡಿ, ಎಲ್ರೂ ಒಂದೊಂದ್ಸಲ ಹಾಗೇನೇ.”

ಕಂಚಪ್ಪ ಟವೆಲಿನಿಂದ ಬಾಯಿಯ ನೊರೆ ಒರೆಸಿ ಎದ್ದು ನಿಂತ. ಅರ್ಧ ಗಡ್ಡ ಹೋಗಿತ್ತು, ಅರ್ಧ ಇತ್ತು. ಗಂಟಲು ಸರಿಮಾಡಿಕೊಂಡು, ಇಡೀ ಅಂಗಡಿಯನ್ನು ಒಂದು ಸುತ್ತು ನೋಡಿ ಹೇಳಿದ.

“ಮುಂದಿನ ಮಹಡಿಗೆ ನಿಮ್ಮಲ್ಲಿ ಒಬ್ಬರು ಹೆಚ್ಚು. ಹ್ಞಂ. ತಿಳೀತಾ?”

ಬೆಂಚಿನ ಮೇಲಿದ್ದವರು ಚಪ್ಪಾಳೆ ತಟ್ಟಿದರು.

“ಪರವಾಗಿಲ್ಲ ಸಾರ್,” ಎಂದ ಕ್ಷೌರಿಕ, ಅವನನ್ನು ಮೆತ್ತಗೆ ಕುರ್ಚಿಗೆ ಕೂಡಿಸುತ್ತ. “ಮಿಮಿಕ್ರಿ ಚೆನ್ನಾಗೇ ಮಾಡ್ತೀರಿ. ಆದ್ರೆ ಅವನಷ್ಟು ಸರಿಯಾಗಿ ಬರಲ್ಲ.”

ಉಳಿದ ಅರ್ಧ ಗಡ್ಡ ಹಾಗೇ ಬಿಟ್ಟು ಕುರ್ಚಿಯಿಂದ ಎದ್ದು ಮನೆಗೆ ಬಂದಾಗ ಅವನು ಕೆಂಡವಾಗಿದ್ದ. ಹೆಂಡತಿ ಅಡುಗೆಮನೆಯಲ್ಲಿ ತೊಳೆದ ತಟ್ಟೆಗಳನ್ನು ಒರೆಸಿ ಜೋಡಿಸುತ್ತಿದ್ದಳು. ಹೊರಕೋಣೆಯಲ್ಲಿ ಪಕ್ಕದ ಮನೆಯವರು ಮೇಕೆಯನ್ನು ಅಭಿನಂದಿಸಲು ಬಂದು ಕೂತಿದ್ದರು. ಇಡೀ ಬೀದಿಯಲ್ಲಿ ತನ್ನ ಪರವಾಗಿ ಸಾಕ್ಷಿ ಹೇಳಬಲ್ಲವಳು ಇವಳೊಬ್ಬಳೇ ಎಂದು ಕಂಚಪ್ಪನಿಗೆ ಹೊಳೆಯಿತು. ತಾನು ಇವಳ ಸಾಕ್ಷಿ ಕೇಳುವ ಮಟ್ಟಕ್ಕೆ ಇಳಿದೆನಲ್ಲ ಎಂದು ಅದರ ಮೇಲೆ ಇನ್ನಷ್ಟು ಸಿಟ್ಟು ಬಂತು.

“ನೀನೇ ಹೇಳು. ಆ ಮುಖವಾಡದವನ ದನಿ ಯಾರದು? ನಿನಗೂ ಗೊತ್ತಾಗ್ಲಿಲ್ವಾ?”

“ಗೊತ್ತಾಗದೇ ಏನು,” ಎಂದಳು ಅವಳು. ತಟ್ಟೆ ಒರೆಸುವ ಕೈ ನಿಲ್ಲಲಿಲ್ಲ. “ಮೊದಲ್ನೇ ದಿನ, ಮೊದಲ್ನೇ ಮಾತಿಗೇ ಗೊತ್ತಾಯ್ತು.”

“ಮತ್ತೆ ಹೇಳ್ಬೇಕಿತ್ತು ನಾಲ್ಕು ಜನಕ್ಕೆ. ಅಕ್ಕಪಕ್ಕದವ್ರಿಗೆ. ಬಾಯಲ್ಲೇನು ಕಡುಬು ಇತ್ತಾ?”

ಅವಳು ಕೊನೆಯ ತಟ್ಟೆಯನ್ನು ಇಟ್ಟು, ಬಟ್ಟೆ ಹಿಂಡಿ, ಅವನ ಕಡೆ ತಿರುಗಿದಳು. ಅರ್ಧ ಗಡ್ಡದ ಮುಖವನ್ನು ಒಮ್ಮೆ ಮೇಲಿಂದ ಕೆಳಗಿನವರೆಗೆ ನೋಡಿದಳು. ಮದುವೆಯಾದಾಗಿನಿಂದ ಅವಳು ಅವನನ್ನು ಹಾಗೆ ನೋಡಿರಲಿಲ್ಲ. ಹಾಗೆ ನೋಡುವುದು ಅದುವರೆಗೆ ಅವನ ಕೆಲಸವಾಗಿತ್ತು.

“ಹೇಳೋಕೆ ನಾಚಿಕೆ ಆಯ್ತು ರೀ. ಎಲ್ರೂ ಆ ಮುಖವಾಡದೋನಿಗೆ ಶಾಪ ಹಾಕ್ತಿದ್ರು. ಅವನು ದಿನಾ ನಮ್ಮನೇಲೇ ಊಟಕ್ಕೆ ಕೂತ್ಕೋತಾನೆ ಅಂತ ಯಾವ ಬಾಯಲ್ಲಿ ಹೇಳ್ಲಿ? ಈಗ ಆ ದನಿ ನನ್ನ ತಮ್ಮಂದು ಅಂದ್ಕೊಂಡಿದಾರೆ. ಹಾಗೇ ಇರ್ಲಿ. ಅವನಾದ್ರೆ ನಾಟಕ ಮಾಡಿದ ಅಂತ ಆಗುತ್ತೆ.”

ಕಂಚಪ್ಪ ಬಾಯಿ ತೆರೆದ. ಹೇಳಲು ಸಿದ್ಧವಾಗಿ ನಾಲಿಗೆಯ ತುದಿಯಲ್ಲಿದ್ದದ್ದು ಅದೇ ಒಂದು ಪದ. ಅದು ಹೊರಡುವ ಮುಂಚೆಯೇ ಹೊರಕೋಣೆಯಿಂದ ‘ಹ್ಞಂ. ತಿಳೀತಾ?’ ಎಂದು ಕೇಳಿಬಂತು. ಪಕ್ಕದ ಮನೆಯವರ ಒತ್ತಾಯಕ್ಕೆ ಮೇಕೆ ಮಾಡಿ ತೋರಿಸುತ್ತಿದ್ದ. ಅವರೆಲ್ಲ ಗೊಳ್ಳೆಂದು ನಕ್ಕರು. ಅವಳೂ ನಕ್ಕಳು, ಸೆರಗು ಬಾಯಿಗಿಟ್ಟುಕೊಳ್ಳದೆ.

ತನ್ನ ದನಿಯನ್ನು ಹೊರಗೆ ನಿಂತು ಕೇಳಿದ್ದು ಕಂಚಪ್ಪನಿಗೆ ಅದೇ ಮೊದಲು. ಇಂಥವನ ಜೊತೆ ಒಂದೇ ಮನೆಯಲ್ಲಿ ಹೇಗೆ ಇರುತ್ತಾರಪ್ಪಾ ಎಂದು ಅವನಿಗೆ ಅನ್ನಿಸಿತು. ಅವನು ಬಾಯಿ ಮುಚ್ಚಿಕೊಂಡು, ಉಳಿದ ಅರ್ಧ ಗಡ್ಡ ಬೋಳಿಸಲು ಬಚ್ಚಲಿಗೆ ಹೋದ. ಅಲ್ಲಿ ಕನ್ನಡಿಯಿತ್ತು. ಅದರ ಕಡೆ ನೋಡದೆ ಮುಖಕ್ಕೆ ನೊರೆ ಹಚ್ಚಿಕೊಂಡ.